ನಿಧಾನಸ್ಥನ ಸಾಲಾರ್ ಜಂಗ್

ಹೈದರಾಬಾದಿನ ಸಾಲಾರ್ ಜಂಗ್ ವಸ್ತುಸಂಗ್ರಹಾಲಯದೊಳಗೆ ನಾನು ಮೂರು ಸಲ ಕಾಲಿಟ್ಟಿದ್ದೇನೆ. ಆದರೆ ಅಲ್ಲಿಗೆ ಹೋದವರೆಲ್ಲ ತಪ್ಪದೆ ನೋಡಿ ಬರುವ ಗಡಿಯಾರದ ಗಡ್ಡದ ಮನುಷ್ಯನನ್ನು ಮಾತ್ರ ಇದುವರೆಗೂ ಕಣ್ಣಾರೆ ಕಂಡಿಲ್ಲ. ಇದನ್ನು ಹೇಳಿದರೆ ನಮ್ಮ ಕಡೆಯವರು ನಂಬುವುದಿಲ್ಲ. ಬೀದರ್, ಕಲಬುರಗಿ ಸೀಮೆಯವರಿಗೆ ಹೈದರಾಬಾದೆಂದರೆ ಮದುವೆಯ ಜವಳಿಗೆ, ದೊಡ್ಡ ಆಸ್ಪತ್ರೆಗೆ, ಮಕ್ಕಳ ಓದಿಗೆ ಹೋಗಿಬರುವ ಊರು. ಹೋದ ಕೆಲಸ ಆದ ಮೇಲೆ, ಊರಿನ ಬಸ್ಸು ಹಿಡಿಯುವ ಮುನ್ನ, ಚಾರ್‌ಮಿನಾರನ್ನೂ ಸಾಲಾರ್ ಜಂಗನ್ನೂ ಮುಗಿಸಿಬಿಡುವುದು ನಮ್ಮಲ್ಲಿ ವಾಡಿಕೆ. ಮುಗಿಸಿಬಿಡುವುದು ಎಂದೇ ನಾವು ಅನ್ನುತ್ತೇವೆ, ಊಟವನ್ನು ಮುಗಿಸಿದಂತೆ, ಸಾಲವನ್ನು ಮುಗಿಸಿದಂತೆ.

ಆ ಗಡಿಯಾರದ ವಿಷಯ ಗೊತ್ತಿಲ್ಲದವರಿಗಾಗಿ ಎರಡು ಮಾತು. ಕಲ್ಕತ್ತೆಯ ಕುಕ್ ಆ್ಯಂಡ್ ಕೆಲ್ವಿ ಕಂಪನಿಯ ಹೆಸರು ಹೊತ್ತ ಈ ಗಡಿಯಾರದಲ್ಲಿ, ಪ್ರತಿ ತಾಸು ತುಂಬುವ ಹೊತ್ತಿಗೆ ಗಡ್ಡದ ಪುಟ್ಟ ಮನುಷ್ಯನೊಬ್ಬ ಬಾಗಿಲು ತೆರೆದುಕೊಂಡು ಹೊರಬಂದು, ಎಷ್ಟು ಗಂಟೆಯೋ ಅಷ್ಟು ಸಲ ಜಾಗಟೆ ಬಾರಿಸಿ ಒಳಗೆ ಹೋಗುತ್ತಾನೆ. ಇನ್ನೊಬ್ಬ ಕಮ್ಮಾರನಿದ್ದಾನೆ, ಅವನಿಗೆ ಒಳಗೆ ಹೋಗುವ ಸೌಭಾಗ್ಯವೂ ಇಲ್ಲ, ಕ್ಷಣಕ್ಕೊಂದರಂತೆ ಸುತ್ತಿಗೆಯ ಏಟು ಹಾಕುತ್ತಲೇ ಇರಬೇಕು. ಸಂಗ್ರಹಾಲಯ ತೆರೆದಿರುವ ಹೊತ್ತಿನಲ್ಲಿ ಹನ್ನೆರಡು ಏಟು ಬೀಳುವುದು ಮಧ್ಯಾಹ್ನವೊಂದರಲ್ಲೇ ಆದ್ದರಿಂದ ಹನ್ನೆರಡಕ್ಕೆ ನೂಕುನುಗ್ಗಲು ಹೆಚ್ಚು.

ಮೊದಲ ಸಲ ಹೋದದ್ದು ಏಳನೆಯ ಇಯತ್ತೆಯ ಶಾಲಾ ಪ್ರವಾಸದಲ್ಲಿ. ಎರಡು ಸಾಲು ಮಾಡಿ, ಮುಂದಿನವನ ಹೆಗಲ ಮೇಲೆ ಕೈ ಇಡಿಸಿ, ಕೈ ತೆಗೆದವನಿಗೆ ರಾತ್ರಿ ಊಟವಿಲ್ಲವೆಂದು ಹೆದರಿಸಿ ನಮ್ಮನ್ನು ಒಳಗೆ ಬಿಟ್ಟಿದ್ದರು. ಒಂದು ತಾಸಿನಲ್ಲಿ ನಾವು ಇಡೀ ಸಂಗ್ರಹಾಲಯವನ್ನು ಸುತ್ತಿ ಹೊರಬಂದೆವು. ಆ ತಾಸಿನಲ್ಲಿ ನಾನು ಅತ್ಯಂತ ವಿವರವಾಗಿ ನೋಡಿದ ವಸ್ತುವೆಂದರೆ ನನ್ನ ಮುಂದಿದ್ದ ಹುಡುಗನ ಅಂಗಿಯ ಕಾಲರು. ಅದು ಹರಿದಲ್ಲಿ ಅವರ ಅವ್ವ ಬಿಳಿ ದಾರ ಸಿಗದೆ ನೀಲಿ ದಾರದಲ್ಲಿ ಹೊಲಿದಿದ್ದಳು. ಒಟ್ಟು ಒಂಬತ್ತು ಹೊಲಿಗೆ, ಒಂಬತ್ತನೆಯದು ಸ್ವಲ್ಪ ಸೊಟ್ಟ. ಗಡಿಯಾರದ ಮುಂದೆಯೂ ನಿಲ್ಲಿಸಿದ್ದರು. ನಾನು ಕುಳ್ಳ. ಜಾಗಟೆಯ ಸದ್ದು ಕೇಳಿಸಿತು, ಎಲ್ಲರೂ ಹೋ ಎಂದರು, ನಾನೂ ಹೋ ಎಂದೆ.

ಎರಡನೆಯ ಸಲದ ಬಗ್ಗೆ ಹೇಳುವಂಥದ್ದೇನೂ ಇಲ್ಲ. ಹೊಸದಾಗಿ ಮದುವೆಯಾಗಿತ್ತು, ಕೈಯಲ್ಲಿ ಮುಕ್ಕಾಲು ತಾಸು ಇತ್ತು, ಹಾಗೂ ಪ್ರತಿ ಕಪಾಟಿನ ಮುಂದೆಯೂ ‘ಚೆನ್ನಾಗಿದೆ ಅಲ್ಲವೇ’ ಎಂದು ಒಬ್ಬರನ್ನೊಬ್ಬರು ಕೇಳಿಕೊಳ್ಳುವುದರಲ್ಲಿ ಅದು ಕಳೆದುಹೋಯಿತು. ನಡುವೆ ಒಮ್ಮೆ ಶುಕ್ರವಾರ ಹೋಗಿ, ವಾರದ ರಜೆಯೆಂದು ತಿಳಿದು, ಗೇಟನ್ನೂ ಎದುರಿನ ಮೂಸಿ ನದಿಯನ್ನೂ ನೋಡಿ ಬಂದದ್ದನ್ನು ನಾನು ಲೆಕ್ಕಕ್ಕೆ ಹಿಡಿದಿಲ್ಲ.

ಹೀಗೆ ಓಡೋಡಿ ನೋಡುವುದರಲ್ಲಿರುವ ಅನ್ಯಾಯ ನನಗೆ ಹೊಳೆದದ್ದು ಈ ವಸ್ತುಗಳನ್ನು ಕೂಡಿಟ್ಟವರ ಕಥೆ ತಿಳಿದ ಮೇಲೆ. ಮೂರನೆಯ ಸಾಲಾರ್ ಜಂಗ್, ಅಂದರೆ ಮೀರ್ ಯೂಸುಫ್ ಅಲಿ ಖಾನ್, 1889ರಲ್ಲಿ ಹುಟ್ಟಿದವರು. 1912ರಲ್ಲಿ, ಇನ್ನೂ ಇಪ್ಪತ್ತಮೂರರ ಹರೆಯದಲ್ಲಿ, ನಿಜಾಮರ ಪ್ರಧಾನಿಯಾಗಿ, 1914ರಲ್ಲಿ ಆ ಪದವಿಯಿಂದ ಇಳಿದು, ಅಲ್ಲಿಂದ 1949ರಲ್ಲಿ ತೀರಿಕೊಳ್ಳುವವರೆಗೂ ಅವರು ಮುಖ್ಯವಾಗಿ ಮಾಡಿದ್ದು ಇದೊಂದೇ ಕೆಲಸ: ಕೊಳ್ಳುವುದು, ತರಿಸುವುದು, ಇಟ್ಟುಕೊಳ್ಳುವುದು. ಮದುವೆಯಾಗಲಿಲ್ಲ, ಮಕ್ಕಳಿಲ್ಲ. ಅವರ ಹಿಂದಿನ ಎರಡು ತಲೆಮಾರು ಕೂಡಿಟ್ಟದ್ದೂ ಇದಕ್ಕೆ ಸೇರಿತು. 1951ರ ಡಿಸೆಂಬರಿನಲ್ಲಿ ನೆಹರೂ ಅವರು ಆ ಮನೆತನದ ಅರಮನೆಯಾದ ದಿವಾನ್ ದೇವಡಿಯಲ್ಲಿ ಇದನ್ನು ಸಂಗ್ರಹಾಲಯವಾಗಿ ಉದ್ಘಾಟಿಸಿದರು. ಈಗಿನ ಕಟ್ಟಡಕ್ಕೆ ಬಂದದ್ದು 1968ರಲ್ಲಿ. ಒಬ್ಬ ಮನುಷ್ಯ ಮೂವತ್ತೈದು ವರ್ಷ ಕೂತು ಜೋಡಿಸಿದ್ದನ್ನು ನಾವು ಬಸ್ಸಿನ ಹೊತ್ತಿನೊಳಗೆ ಮುಗಿಸಿಬಿಡುತ್ತೇವೆ.

ಹಾಗೆಂದು ಎಲ್ಲವನ್ನೂ ನಿಧಾನವಾಗಿ ನೋಡುತ್ತೇನೆಂದು ಹಟ ತೊಡುವುದೂ ಮೂರ್ಖತನವೇ. ಸಂಗ್ರಹದಲ್ಲಿ 40,000ಕ್ಕೂ ಹೆಚ್ಚು ವಸ್ತುಗಳಿವೆ. ಅಷ್ಟನ್ನೂ ನಮ್ಮ ಮುಂದೆ ಹರವಿಟ್ಟರು ಎಂದುಕೊಂಡು, ಒಂದೊಂದಕ್ಕೆ ಹತ್ತೇ ಸೆಕೆಂಡು ಕೊಟ್ಟರೂ 111 ತಾಸು ಬೇಕು. ಬೆಳಿಗ್ಗೆ ಹತ್ತಕ್ಕೆ ಒಳಹೊಕ್ಕು ಸಂಜೆ ಐದಕ್ಕೆ ಹೊರಬೀಳುವವನಿಗೆ, ಊಟ ಬಿಟ್ಟು ನಿಂತರೂ, ಹದಿನಾರು ದಿನ. ಈ ಲೆಕ್ಕವನ್ನು ಒಂದು ರಾತ್ರಿ ಮಾಡಿ ನೋಡಿದಾಗ ನನಗೆ ದಿಗಿಲಾಗಲಿಲ್ಲ, ಹಾಯೆನಿಸಿತು. ಯಾರಿಂದಲೂ ಆಗದ ಕೆಲಸವನ್ನು ನಾನೊಬ್ಬ ಬಿಟ್ಟುಬಿಟ್ಟರೆ ನಷ್ಟವೇನು? ಆದ್ದರಿಂದ ಮೂರನೆಯ ಸಲ ಅಣ್ಣ, ಅತ್ತಿಗೆ ಮತ್ತು ಅವರ ಮಗನೊಂದಿಗೆ ಹೊರಟಾಗ ಎರಡೇ ವಸ್ತುಗಳನ್ನು ನೋಡುವುದೆಂದು ನಿರ್ಧರಿಸಿದ್ದೆ. ಅಣ್ಣನ ಮೊಬೈಲಿನಲ್ಲಿ ನೋಡಲೇಬೇಕಾದವುಗಳ ಪಟ್ಟಿ ಸಿದ್ಧವಿತ್ತು. ‘ಲಗೂ ಲಗೂ ನಡಿಯಪ್ಪಾ’ ಎಂದು ಎರಡು ಸಲ ಕರೆದು, ನನ್ನ ಕಾಲು ಏಳದ್ದನ್ನು ಕಂಡು, ‘ನಿನ್ನ ಪಾಡಿಗೆ ನೀ ನೋಡು, ಒಂದು ಗಂಟೆಗೆ ಚೀಲ ಇಟ್ಟಲ್ಲಿ ಬಾ’ ಎಂದು ನನಗೆ ಸ್ವಾತಂತ್ರ್ಯ ಕೊಟ್ಟ.

ಭಾನುವಾರವಾದ್ದರಿಂದ ಜನ ಕಿಕ್ಕಿರಿದಿದ್ದರು. ಇಂಥಲ್ಲಿ ನಾವು ನಡೆಯುವುದಿಲ್ಲ, ನಮ್ಮನ್ನು ನಡೆಸಲಾಗುತ್ತದೆ. ದೇವಸ್ಥಾನದ ಸರದಿಯಲ್ಲಿ ಇದೇ ಅನುಭವ ನಮಗೆ ಬೇಸರ ತರುವುದಿಲ್ಲ. ಏಕೆಂದರೆ ಗರ್ಭಗುಡಿಯ ಮುಂದೆ ಅರೆಗಳಿಗೆಯಲ್ಲಿ ನಾವು ದೇವರನ್ನು ಸರಿಯಾಗಿ ನೋಡದಿದ್ದರೂ ದೇವರು ನಮ್ಮನ್ನು ನೋಡಿರುತ್ತಾನೆ ಎಂಬ ಸಮಾಧಾನವಿರುತ್ತದೆ. ಸಂಗ್ರಹಾಲಯದಲ್ಲಿ ಆ ಅನುಕೂಲವಿಲ್ಲ. ನೋಡುವ ಕೆಲಸವನ್ನೆಲ್ಲ ನಾವೇ ಮಾಡಬೇಕು. ಫ್ರಾನ್ಸಿನ ಹದಿನಾರನೆಯ ಲೂಯಿ ನಮ್ಮ ಟಿಪ್ಪು ಸುಲ್ತಾನನಿಗೆ ಕೊಟ್ಟದ್ದೆಂದು ಹೇಳುವ ದಂತದ ಕುರ್ಚಿಗಳ ಮುಂದೆ ನನ್ನನ್ನು ಹಾಗೆಯೇ ನಡೆಸಲಾಯಿತು. ಒಂದೇ ಮರದ ದಿಮ್ಮಿಯಲ್ಲಿ, ಜರ್ಮನ್ ಕವಿ ಗಯಟೆಯ ‘ಫೌಸ್ಟ್’ ನಾಟಕದ ಇಬ್ಬರನ್ನು, ಮುಂದೆ ಸೆಟೆದು ನಿಂತ ಸೈತಾನ ಮೆಫಿಸ್ಟೋಫಿಲಿಸನನ್ನೂ ಹಿಂದೆ ತಲೆ ತಗ್ಗಿಸಿದ ಮುಗ್ಧೆ ಮಾರ್ಗರೆಟಾಳನ್ನೂ ಕೆತ್ತಿದ ಜೋಡಿ ವಿಗ್ರಹದ ಮುಂದೆಯೂ ಹಾಗೆಯೇ. ಅವಳು ಕಾಣಲೆಂದು ಹಿಂದೆ ಕನ್ನಡಿ ಇಟ್ಟಿದ್ದಾರೆ. ಬಂದವರಲ್ಲಿ ಬಹಳಷ್ಟು ಮಂದಿ ಆ ಕನ್ನಡಿಯಲ್ಲಿ ಕ್ರಾಪು ತೀಡಿಕೊಂಡು ಮುಂದೆ ಹೋಗುತ್ತಾರೆ. ನಾನೂ ತೀಡಿಕೊಂಡೆ.

ನನ್ನ ಎರಡು ವಸ್ತುಗಳಲ್ಲಿ ಮೊದಲನೆಯದು ಬಿದ್ರಿ ವಿಭಾಗದಲ್ಲಿತ್ತು. ಬೀದರಿನವನು ಮೂರು ತಾಸು ಬಸ್ಸಿನಲ್ಲಿ ಕೂತು ಹೈದರಾಬಾದಿಗೆ ಹೋಗಿ ಬಿದ್ರಿ ಸಾಮಾನು ನೋಡುವುದೆಂದರೆ ಗಾಣಗಾಪುರದವನು ದತ್ತನ ದರ್ಶನಕ್ಕೆ ಬೇರೆ ಊರಿಗೆ ಹೋದಂತೆ ಎಂದು ಅತ್ತಿಗೆ ನಗೆಯಾಡಿದ್ದರು. ಆದರೆ ಊರಿನಲ್ಲಿ ನಾವು ಅದನ್ನು ನೋಡುವುದೇ ಇಲ್ಲ. ಸನ್ಮಾನದ ಫಲಕ, ವರ್ಗಾವಣೆಯಾದ ಸಾಹೇಬರಿಗೆ ಹೂದಾನಿ, ಇಷ್ಟಕ್ಕೇ ನಮಗೆ ಬಿದ್ರಿ ನೆನಪಾಗುತ್ತದೆ. ಆ ವಿಭಾಗದಲ್ಲಿ ಜನ ಕಡಿಮೆ. ನಾನು ಒಂದು ಹುಕ್ಕಾದ ಬುಡದ ಮುಂದೆ ನಿಂತೆ. ನೀರು ತುಂಬುವ, ಗಂಟೆಯ ಆಕಾರದ, ಅಗಲ ತಳದ ಪಾತ್ರೆ. ಕಡುಗಪ್ಪು ಮೈಯ ಮೇಲೆ ಸಾಲಾಗಿ ಗಸಗಸೆ ಹೂವಿನ ಗಿಡಗಳು, ಅವುಗಳ ಎಸಳೆಲ್ಲ ಬೆಳ್ಳಿಯವು.

ಐದಾರು ನಿಮಿಷ ಕಳೆದ ಮೇಲೆ, ಕೆಳಗಿನ ಸಾಲಿನ ಒಂದು ಹೂವಿನಲ್ಲಿ ಒಂದು ಎಸಳು ಉದುರಿಹೋಗಿರುವುದು ಕಂಡಿತು. ಬೆಳ್ಳಿ ಇರಬೇಕಾದಲ್ಲಿ ಎಸಳಿನ ಆಕಾರದ ಗುಳಿ. ಬಗ್ಗಿ ನೋಡಿದರೆ ಆ ಗುಳಿಯ ಅಂಚು ನೆಟ್ಟಗಿಲ್ಲ. ಒಳಕ್ಕೆ ಓರೆಯಾಗಿ ಕೊರೆದಿದ್ದಾನೆ, ಬೆಳ್ಳಿ ಕಚ್ಚಿಕೊಳ್ಳಲೆಂದು. ತಳದಲ್ಲಿ ಉಳಿಯ ಗೀರುಗಳು ಒಂದರ ಪಕ್ಕ ಒಂದು ಉಳಿದಿವೆ. ಉಳಿದ ಎಸಳುಗಳೆಲ್ಲ ಹೊಳೆಯುತ್ತಿದ್ದುದರಿಂದ ಅವುಗಳಲ್ಲಿ ಕೆಲಸಗಾರನ ಕೈ ಕಾಣುತ್ತಿರಲಿಲ್ಲ; ಉದುರಿದ್ದರಲ್ಲಿ ಕಾಣುತ್ತಿತ್ತು. ಆಗ ನನಗೆ ನಮ್ಮೂರಿನ ಚೌಬಾರಾ ಗೋಪುರದ ಸುತ್ತಿನ ಓಣಿಗಳಲ್ಲಿ ಚಿಕ್ಕಂದಿನಲ್ಲಿ ಕಂಡದ್ದು ನೆನಪಾಯಿತು. ಸತುವಿಗೆ ಸ್ವಲ್ಪ ತಾಮ್ರ ಬೆರೆಸಿ ಮರಳಿನ ಅಚ್ಚಿನಲ್ಲಿ ಎರಕ ಹೊಯ್ಯುತ್ತಾರೆ. ಅರದಿಂದ ಉಜ್ಜಿ ನಯಗೊಳಿಸಿ, ಗೆರೆ ಎದ್ದು ಕಾಣಲೆಂದು ಮೈಲುತುತ್ತದ ನೀರು ಸವರಿ ತಾತ್ಕಾಲಿಕವಾಗಿ ಕಪ್ಪು ಮಾಡುತ್ತಾರೆ. ಆಮೇಲೆ ಉಳಿ ಹಿಡಿದು ಕೊರೆದು, ಬೆಳ್ಳಿಯ ತಂತಿಯನ್ನೋ ತಗಡನ್ನೋ ಬಡಿದು ಕೂರಿಸುತ್ತಾರೆ. ಕೊನೆಗೆ ಕೋಟೆಯ ಮಣ್ಣು. ಮಳೆ ಬಿಸಿಲು ತಾಗದ ಜಾಗದಿಂದ ತಂದ ಆ ಮಣ್ಣನ್ನು ನವಸಾಗರದೊಂದಿಗೆ ನೀರಿನಲ್ಲಿ ಕಲಸಿ, ಬಿಸಿ ಮಾಡಿದ ಪಾತ್ರೆಗೆ ಹಚ್ಚಿದರೆ, ಸತುವಿನ ಮೈ ಶಾಶ್ವತವಾಗಿ ಕಪ್ಪಾಗುತ್ತದೆ, ಬೆಳ್ಳಿ ಮಾತ್ರ ಬೆಳ್ಳಗೇ ಉಳಿಯುತ್ತದೆ. ಮಣ್ಣು ಸರಿಯಾದದ್ದೋ ಅಲ್ಲವೋ ಎಂದು ಉಸ್ತಾದರು ನಾಲಿಗೆಗೆ ಹಚ್ಚಿ ನೋಡಿ ಹೇಳುತ್ತಾರೆ. ಇದೇ ಕೆಲಸಕ್ಕಾಗಿ ನಮ್ಮೂರಿನ ಶಾ ರಶೀದ್ ಅಹ್ಮದ್ ಖಾದ್ರಿ ಅವರಿಗೆ 2023ರಲ್ಲಿ ಪದ್ಮಶ್ರೀ ಬಂದಾಗ ನಾವೆಲ್ಲ ಹೆಮ್ಮೆಪಟ್ಟೆವು; ನಾಲಿಗೆಗೆ ಮಣ್ಣು ಹಚ್ಚಿಕೊಳ್ಳುವುದರ ಬಗ್ಗೆ ಯಾರೂ ಹೆಚ್ಚು ಯೋಚಿಸಲಿಲ್ಲ.

ಹೀಗೆ ಒಂದೇ ಕಡೆ ನಿಂತವನಿಗೆ ಎರಡು ತೊಂದರೆಗಳಿವೆ ಎಂಬುದು ಅಲ್ಲಿ ತಿಳಿಯಿತು. ಮೊದಲನೆಯದು, ಕಾವಲಿನವರ ಗಮನ. ಸ್ಟೂಲಿನ ಮೇಲೆ ಕೂತಿದ್ದ ವಯಸ್ಸಾದ ಕಾವಲುಗಾರ ಎರಡು ಸಲ ನನ್ನ ಹಿಂದಿನಿಂದ ಹಾದುಹೋಗಿ, ಮೂರನೆಯ ಸಲ ತಡೆಯಲಾರದೆ, ‘ಕ್ಯಾ ದೇಖ್ ರಹೇಂ ಸಾಬ್?’ ಎಂದು ಕೇಳಿದ. ಉದುರಿದ ಎಸಳನ್ನು ತೋರಿಸಿದೆ. ಅವನು ಕನ್ನಡಕ ಏರಿಸಿ ನೋಡಿ, ಆಪಾದನೆ ತನ್ನ ಮೇಲೆ ಬಂತೆಂಬಂತೆ, ತಾನು ಕೆಲಸಕ್ಕೆ ಸೇರುವ ಮೊದಲೇ ಅದು ಹೋಗಿತ್ತೆಂದು ಖಂಡಿತವಾಗಿ ಹೇಳಿದ. ನಾನು ಬೀದರಿನವನೆಂದು ತಿಳಿದ ಮೇಲೆ ಅವನ ಮುಖ ಸಡಿಲವಾಯಿತು. ನಮ್ಮ ಸೀಬೆಹಣ್ಣಿನ ಬೆಲೆ ವಿಚಾರಿಸಿದ.

ಎರಡನೆಯ ತೊಂದರೆ ಇನ್ನೂ ವಿಚಿತ್ರ. ನಿಂತವನ ಹಿಂದೆ ಜನ ಕೂಡುತ್ತಾರೆ. ಯಾವನೋ ಇಷ್ಟು ಹೊತ್ತು ನೋಡುತ್ತಿದ್ದಾನೆಂದರೆ ಇದು ಆ ಪ್ರಸಿದ್ಧ ವಸ್ತುವೇ ಇರಬೇಕೆಂದು ಒಂದು ಕುಟುಂಬ ನಿಂತಿತು. ಆ ಕುಟುಂಬವನ್ನು ಕಂಡು ನಾಲ್ವರು ಕಾಲೇಜು ಹುಡುಗರು ನಿಂತರು. ನೋಡನೋಡುತ್ತಿದ್ದಂತೆ ನಾನು ಯಾವುದರಿಂದ ತಪ್ಪಿಸಿಕೊಂಡು ಬಂದಿದ್ದೆನೋ ಅದೇ ನನ್ನ ಬೆನ್ನಿಗೆ ಒತ್ತಿಕೊಂಡು ನಿಂತಿತ್ತು. ಹುಡುಗರು ಹುಕ್ಕಾದ ಬುಡದ ಫೋಟೋ ತೆಗೆದರು. ಒಬ್ಬ ತಾಯಿ ಮಗಳಿಗೆ ‘ನೋಡಿಕೋ, ಪರೀಕ್ಷೆಗೆ ಬರುತ್ತದೆ’ ಎಂಬರ್ಥದ ಮಾತನ್ನು ತೆಲುಗಿನಲ್ಲಿ ಹೇಳಿದಳು. ನಾನು ನಾಚಿಕೆಯಿಂದ ಅಲ್ಲಿಂದ ಸರಿದೆ.

ನನ್ನ ಎರಡನೆಯ ವಸ್ತು ಮುಸುಕಿನ ರೆಬೆಕ್ಕಾ. ಇಟಲಿಯ ಬೆಂಜೋನಿ ಎಂಬ ಶಿಲ್ಪಿ ಅಮೃತಶಿಲೆಯಲ್ಲಿ ಕೆತ್ತಿದ ಇದನ್ನು 1876ರಲ್ಲಿ ಮೊದಲನೆಯ ಸಾಲಾರ್ ಜಂಗ್ ರೋಮಿನಲ್ಲಿ ಕೊಂಡು ತಂದರು. ಮುಖದ ಮೇಲಿನ ಮುಸುಕೂ ಕಲ್ಲು, ಅದರೊಳಗಿನ ಮುಖವೂ ಅದೇ ಕಲ್ಲು. ಆದರೂ ಒಳಗಿನ ಮೂಗು, ತುಟಿ, ಕಣ್ಣಿನ ರೆಪ್ಪೆ ತೆಳುಬಟ್ಟೆಯ ಹಿಂದಿನಿಂದೆಂಬಂತೆ ಕಾಣುತ್ತವೆ. ಅವಳ ಮುಂದೆ ಯಾವ ಹೊತ್ತಿಗೂ ಸಂತೆಯೇ. ಆದರೆ ನಾನು ಅಲ್ಲಿಗೆ ತಲುಪಿ ಹತ್ತು ಹನ್ನೆರಡು ಸಾಲು ತಲೆಗಳ ಹಿಂದೆ ನಿಂತ ಸ್ವಲ್ಪ ಹೊತ್ತಿಗೆ, ಯಾರೋ ಬೆಂಕಿ ಎಂದು ಕೂಗಿದಂತೆ, ಜನವೆಲ್ಲ ಒಮ್ಮೆಲೇ ಕರಗಿದರು. ಗಂಟೆ ಹನ್ನೆರಡಕ್ಕೆ ಐದು ನಿಮಿಷವಿತ್ತು. ಎಲ್ಲರೂ ಗಡಿಯಾರದ ಕಡೆಗೆ ಓಡಿದ್ದರು.

ನಾನೂ ಒಂದು ಹೆಜ್ಜೆ ಆ ಕಡೆಗೆ ಇಟ್ಟದ್ದು ನಿಜ. ಆದರೆ ಎದುರಿಗೆ ರೆಬೆಕ್ಕಾ ಒಬ್ಬಳೇ ನಿಂತಿದ್ದಳು. ಹತ್ತಿರ ಹೋದೆ. ಸುತ್ತು ಬಂದೆ. ಮುಂದಿನಿಂದ ಅಷ್ಟು ತೆಳುವಾದ ಮುಸುಕು ಪಕ್ಕದಿಂದ ನೋಡಿದರೆ ದಪ್ಪ ಕಲ್ಲು. ಕಣ್ಣನ್ನು ಎಲ್ಲಿ ವಂಚಿಸುತ್ತಿದ್ದಾನೆಂದು ಗೊತ್ತಾಗುತ್ತದೆ, ಗೊತ್ತಾಗಿ ಮತ್ತೆ ಮುಂದೆ ಬಂದರೆ ಮತ್ತೆ ವಂಚನೆಗೆ ಒಳಗಾಗುತ್ತೇವೆ. ಇದನ್ನು ನಾನು ನಾಲ್ಕು ಸಲ ಮಾಡಿದೆ. ದೂರದಲ್ಲಿ ಜಾಗಟೆ ಶುರುವಾಯಿತು, ಅದರೊಂದಿಗೆ ನೂರಾರು ಕಂಠಗಳು ಮೂರು ನಾಲ್ಕು ಭಾಷೆಗಳಲ್ಲಿ ಎಣಿಸತೊಡಗಿದವು. ಏಳರವರೆಗೆ ನಾನೂ ಎಣಿಸಿದೆ. ಆ ಎಣಿಕೆ ಕೇಳುತ್ತಿದ್ದಾಗ, ಅಷ್ಟೊಂದು ಜನ ಒಂದೇ ಪುಟ್ಟ ಗೊಂಬೆಯ ಕಡೆಗೆ ಕತ್ತೆತ್ತಿ ಕೂತಿರುವ ದೃಶ್ಯವನ್ನು ನೋಡಬೇಕಿತ್ತು ಎಂದು ಆಸೆಯಾಯಿತು; ಗೊಂಬೆಯನ್ನಲ್ಲ, ಜನರನ್ನು. ಆದರೆ ಅಷ್ಟರಲ್ಲಿ ಹನ್ನೆರಡೂ ಮುಗಿದು, ನಾನಿದ್ದಲ್ಲಿಗೆ ಸಂತೆ ಮರಳಿತು.

ಒಂದು ಗಂಟೆಗೆ ಚೀಲ ಇಟ್ಟಲ್ಲಿ ಎಲ್ಲರೂ ಸೇರಿದೆವು. ಅಣ್ಣನ ಪಟ್ಟಿಯಲ್ಲಿ ಮೂರು ಮಾತ್ರ ಉಳಿದಿದ್ದವು. ಕಾಲು ನೋಯುತ್ತಿವೆಯೆಂದು ಅವನು ನೆಲದ ಮೇಲೆ ಕೂತುಬಿಟ್ಟಿದ್ದ. ಅತ್ತಿಗೆ ನನ್ನನ್ನು, ‘ಏನೇನು ನೋಡಿದೆ?’ ಎಂದು ಕೇಳಿದರು. ಒಂದು ಹುಕ್ಕಾ, ಒಬ್ಬ ಹೆಂಗಸು ಎಂದೆ. ಅವರು ಅಣ್ಣನ ಮುಖ ನೋಡಿದರು. ಮಗ ಮಾತ್ರ ಉತ್ಸಾಹದಿಂದ, ‘ಕಾಕಾ, ಗಡ್ಡದವನು ಬಂದಿದ್ದ, ವಿಡಿಯೋ ಮಾಡೀನಿ’ ಎಂದು ಮೊಬೈಲನ್ನು ನನ್ನ ಕಣ್ಣಿಗೆ ಹಿಡಿದ. ಪರದೆಯ ತುಂಬ ಎತ್ತಿ ಹಿಡಿದ ಕೈಗಳು, ಕೈಗಳಲ್ಲಿ ಮೊಬೈಲುಗಳು. ಆ ಮೊಬೈಲುಗಳಲ್ಲಿ ಒಂದರ ಪರದೆಯ ಮೇಲೆ, ಉಗುರಿನಷ್ಟು ಸಣ್ಣದಾಗಿ, ಏನೋ ಅಲುಗಾಡಿತು. ‘ಅವನೇ!’ ಎಂದ ಹುಡುಗ. ನಾನು ಕನ್ನಡಕ ತೆಗೆದು ಒರೆಸಿಕೊಂಡು, ಇನ್ನೊಮ್ಮೆ ಮೊದಲಿನಿಂದ ಹಾಕು ಎಂದೆ.