ಕೊನೆ ಮುಟ್ಟದ ಕಾಲು

ಮನುಷ್ಯನ ಮೈಯಲ್ಲಿ ಒಂದು ಕಾಲು ಎಷ್ಟು ಪಾಲು? ಗೊತ್ತಿಲ್ಲದಿದ್ದರೆ ಅಪಘಾತ ಪರಿಹಾರದ ತೀರ್ಪುಗಳನ್ನು ಓದಿ. ಸಾಮಾನ್ಯವಾಗಿ ಮೂರನೇ ಒಂದು ಪಾಲು. ಕೈಗೂ ಅದೇ ರೇಟು. ಎರಡು ಕೈ, ಎರಡು ಕಾಲು ಕೂಡಿಸಿದರೆ ಒಬ್ಬ ಮನುಷ್ಯ ನೂರಕ್ಕೆ ನೂರಾ ಮೂವತ್ತಮೂರು ಆಗುತ್ತಾನೆ. ತಲೆ ಫ್ರೀ.

ಈ ಲೆಕ್ಕ ನಾನು ಕಲಿತದ್ದು ನಮ್ಮೂರ ಕೊನೆಗಾರನಿಂದ. ಸಾಗರದ ಕಡೆಯವರಿಗೆ ಕೊನೆಗಾರ ಅಂದರೆ ಯಾರು ಅಂತ ಹೇಳಬೇಕಿಲ್ಲ. ಉಳಿದವರಿಗೆ: ಅಡಿಕೆ ಮರ ಹತ್ತಿ ಕೊನೆ (ಅಂದರೆ ಅಡಿಕೆ ಗೊನೆ) ಇಳಿಸುವವನು, ಮಳೆಗಾಲದಲ್ಲಿ ಕೊಳೆರೋಗಕ್ಕೆ ಔಷಧಿ ಹೊಡೆಯುವವನು. ಒಂದು ಮರದ ತುದಿಯಿಂದಲೇ ಪಕ್ಕದ ಮರಕ್ಕೆ ದಾಟುವ ಆಸಾಮಿ. 2016ರಲ್ಲಿ, ನಲವತ್ತರ ವಯಸ್ಸಿನಲ್ಲಿ, ರಸ್ತೆ ಬದಿ ನಡೆದು ಹೋಗುತ್ತಿದ್ದವನಿಗೆ ಕಾರೊಂದು ಗುದ್ದಿತು. ಅರವತ್ತು ಅಡಿ ಮೇಲೆ ಏನೂ ಆಗದವನು ನೆಲದ ಮೇಲೆ ಕಾಲು ಮುರಿದುಕೊಂಡ. ರಾಡ್ ಹಾಕಿದರು. ಮೂಳೆ ಕೂಡಿತು, ಮಂಡಿ ಮಡಚಲಿಲ್ಲ.

ಪರಿಹಾರಕ್ಕೆ ಕೇಸು ಹಾಕಿದೆವು. ಬಲಗಾಲಿಗೆ ಶೇಕಡಾ 36 ಊನ ಅಂತ ಡಾಕ್ಟರು ಕೋರ್ಟಿನಲ್ಲಿ ಸಾಕ್ಷಿ ಹೇಳಿದರು. ಮೂರರಿಂದ ಭಾಗಿಸಿ. ಇಡೀ ದೇಹಕ್ಕೆ 12. ಅಂದರೆ ನಮ್ಮ ಕೊನೆಗಾರ ಇನ್ನೂ 88ರಷ್ಟು ಗಟ್ಟಿಯಾಗಿದ್ದಾನೆ. ಅರವತ್ತು ಅಡಿ ಮರದಲ್ಲಿ ಸುಮಾರು 53 ಅಡಿ ಆರಾಮಾಗಿ ಹತ್ತಬಹುದು. ಕೊನೆ ಇರುವುದು ಅದಕ್ಕೂ ಮೇಲೆ. ಅದು ಅಡಿಕೆ ಮರದ ತಪ್ಪು.

ಆಮೇಲೆ ಆದಾಯ. ಸಂಬಳದ ಚೀಟಿ ಎಲ್ಲಿ ಅಂತ ಕೇಳಿದರು. ಮರ ಚೀಟಿ ಕೊಡುತ್ತಾ? ತೋಟದವರು ಕೊಟ್ಟ ದುಡ್ಡು ಅವತ್ತೇ ಅಂಗಡಿ ಸೇರುತ್ತದೆ. ಸರಿ, ತಿಂಗಳಿಗೆ 8,000 ಅಂತ ಊಹಿಸಿದರು. ಹನ್ನೆರಡು ತಿಂಗಳು, ನಲವತ್ತರ ವಯಸ್ಸಿಗೆ 15ರ ಗುಣಕ (ಎಷ್ಟು ವರ್ಷದ ದುಡಿಮೆ ಅಂತ ಹಿಡಿಯುವ ಲೆಕ್ಕ), ಅದರಲ್ಲಿ 12 ಪರ್ಸೆಂಟು. ಬದುಕಿನ ದುಡಿಮೆಗೆ ಬಂದ ಬೆಲೆ 1,72,800 ರೂಪಾಯಿ. ನೋವಿಗೆ, ಆಸ್ಪತ್ರೆ ಊಟಕ್ಕೆ ಬೇರೆ ಚಿಲ್ಲರೆ.

ಪಾಟೀಸವಾಲು ಕೇಳಬೇಕಿತ್ತು. 'ಇವತ್ತು ಕೋರ್ಟಿಗೆ ನಡೆದುಕೊಂಡೇ ಬಂದಿರಲ್ವಾ?' 'ಹೌದು ಸ್ವಾಮಿ, ಬಸ್‌ಸ್ಟಾಂಡಿಂದ.' ವಿಮಾ ಕಂಪನಿ ವಕೀಲರ ಮುಖ ಅರಳಿತು. 'ಬೇರೆ ಕೆಲಸ ಮಾಡಬಹುದಲ್ಲ?' 'ಯಾವುದು ಸ್ವಾಮಿ?' ಅದನ್ನು ಬರೆದುಕೊಳ್ಳಲಿಲ್ಲ. ಬರೆದುಕೊಂಡಿದ್ದು ಇದನ್ನು: 'ನಾನು ಹೆಚ್ಚಿನ ಪರಿಹಾರದ ಆಸೆಗೆ ಸುಳ್ಳು ಹೇಳುತ್ತಿದ್ದೇನೆ ಎಂದರೆ ಸರಿಯಲ್ಲ.' ಈ ವಾಕ್ಯವಿಲ್ಲದೆ ನಮ್ಮಲ್ಲಿ ಯಾರ ಕಾಲೂ ಅಧಿಕೃತವಾಗಿ ಮುರಿಯುವುದಿಲ್ಲ.

ತಮಾಷೆ ಅಂದರೆ, 2010ರಲ್ಲೇ ರಾಜ್‌ಕುಮಾರ್ ಮತ್ತು ಅಜಯ್ ಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಸ್ಪಷ್ಟವಾಗಿ ಹೇಳಿದೆ. ಊನದ ಶೇಕಡಾವಾರೇ ದುಡಿಮೆಯ ನಷ್ಟ ಅಲ್ಲ, ಆ ಮನುಷ್ಯ ಯಾವ ಕೆಲಸ ಮಾಡುತ್ತಿದ್ದ ಅಂತ ನೋಡಿ ಅಂತ. ಎಡಗೈ ಹೋದರೆ ಗುಮಾಸ್ತನ ಕೆಲಸ ಉಳಿಯಬಹುದು, ಬಡಗಿಯದೋ ಡ್ರೈವರನದೋ ಹೆಚ್ಚುಕಡಿಮೆ ಪೂರ್ತಿ ಹೋಗುತ್ತದೆ. ಕೊನೆಗಾರನ ಹೆಸರು ಅದರಲ್ಲಿಲ್ಲ. ದಿಲ್ಲಿಯಲ್ಲಿ ಅಡಿಕೆ ಬೆಳೆಯುವುದಿಲ್ಲವಲ್ಲ.

ಇದನ್ನೇ ಹಿಡಿದು ಬೆಂಗಳೂರಿನ ಹೈಕೋರ್ಟಿಗೆ ಮೇಲ್ಮನವಿ ಹಾಕಿಸಿದೆವು. 90 ದಿನದೊಳಗೆ ಹಾಕಬೇಕಿತ್ತು, ನಮ್ಮದು ತಡವಾಯಿತು. ತಡ ಮನ್ನಿಸಿದರು, ಆ ತಡದ ದಿನಗಳಿಗೆ ಬಡ್ಡಿ ಇಲ್ಲ ಅಂದರು. ಅವರಲ್ಲಿ ಕೇಸು ವರ್ಷಗಟ್ಟಲೆ ಕೂತರೆ ಅದಕ್ಕೆ ತಡ ಅಂತ ಹೆಸರಿಲ್ಲ. ಅಷ್ಟರಲ್ಲಿ ವಿಮಾ ಕಂಪನಿಯೂ ಅಪೀಲು ಹಾಕಿತು. ಎಂಟು ಸಾವಿರ ಜಾಸ್ತಿ ಆಯಿತಂತೆ! ಆದಾಯದ ಚೀಟಿ ಇಲ್ಲದವರಿಗೆ ತಿಂಗಳಿಗೆ ಇಷ್ಟು ಅಂತ ಹಿಡಿಯುವ ಕಾನೂನು ಸೇವಾ ಪ್ರಾಧಿಕಾರದ ಪಟ್ಟಿಯಲ್ಲಿ 2016ಕ್ಕೆ 9,500 ಇದೆ, ಅದಾದರೂ ಸಿಗುತ್ತೆ ಅಂತ ನಮ್ಮ ವಕೀಲರ ಭರವಸೆ. ಸಿಕ್ಕರೆ 32,400 ಹೆಚ್ಚು. ಕಾಲು ಮಾತ್ರ 12ರಲ್ಲೇ ಇರುತ್ತೋ ಏನೋ.

ಮೊನ್ನೆ ಅವನ ಮನೆಗೆ ಹೋಗಿದ್ದೆ. ಮೆಟ್ಟುಗತ್ತಿ ಮುಂದೆ ಕೂತು ಅಡಿಕೆ ಸುಲಿಯೋಣ ಅಂದರೂ ಕಾಲು ಮಡಚುವುದಿಲ್ಲ. ಅಂಗಳದಲ್ಲಿ ಪ್ಲಾಸ್ಟಿಕ್ ಕುರ್ಚಿ ಹಾಕಿಕೊಂಡು, ಕಾಲು ನೀಡಿ, ಕೈಯಲ್ಲಿ ಕವಣೆ ಹಿಡಿದು ಮಂಗ ಕಾಯುತ್ತಿದ್ದ. ತೋಟದವರು ದಿನಕ್ಕೆ ಇಷ್ಟು ಅಂತ ಕೊಡುತ್ತಾರಂತೆ.

'ಪರವಾಗಿಲ್ಲ ಮಾರಾಯ, ಒಂದು ಕೆಲಸ ಸಿಕ್ತಲ್ಲ' ಅಂದೆ.

ಅವನು ಆಚೀಚೆ ನೋಡಿ ದನಿ ತಗ್ಗಿಸಿದ. 'ಮೆಲ್ಲಗೆ ಮೇಷ್ಟ್ರೇ. ವಕೀಲರಿಗೆ ಗೊತ್ತಾದ್ರೆ ಇದನ್ನೂ ಕಳೀತಾರೆ.'