ತಂಬೂರಿ ಹೋಯಿತು, ಕುಕ್ಕರ್ ಉಳಿಯಿತು

ಗಣಕಯಂತ್ರದಲ್ಲಿ ಧ್ವನಿಯನ್ನು ತಿದ್ದಿ ತೀಡುವ ತಂತ್ರಾಂಶದ ಬಣ್ಣಬಣ್ಣದ ಗುಂಡಿಗಳ ಹಿಂದೆ ನಿಜವಾಗಿ ದುಡಿಯುವವು ಡಿಎಲ್‌ಎಲ್ ಎಂಬ ಬಾಲ ಹೊತ್ತ, ಒಂದೊಂದು ಕೆಲಸದ ಸಿದ್ಧ ಸೂಚನೆಗಳನ್ನು ಹೊಟ್ಟೆಯಲ್ಲಿಟ್ಟುಕೊಂಡ ಲೈಬ್ರರಿ ಫೈಲುಗಳು. ಮದುವೆಮನೆಯ ಅಡುಗೆಯವರ ಹಾಗೆ, ಎಲ್ಲರೂ ಬಂದಿರುವವರೆಗೆ ಅವುಗಳಲ್ಲಿ ಒಂದರ ಹೆಸರೂ ಯಾರಿಗೂ ತಿಳಿದಿರುವುದಿಲ್ಲ. ಒಂದು ಕೈಕೊಟ್ಟರೆ ಮಾತ್ರ ಅದರ ಹೆಸರು ಇಡೀ ಮನೆಯವರ ಬಾಯಲ್ಲಿರುತ್ತದೆ.

ನಮ್ಮ ಮನೆಯವರ ಬಾಯಲ್ಲಿ ಓಡಾಡಿದ ಹೆಸರು ‘ಲೇಮ್’. ಸೋದರತ್ತೆ ಹಾಡಿದ ದೇವರನಾಮಗಳ ಹಳೆಯ ಕ್ಯಾಸೆಟ್ಟೊಂದನ್ನು ಗಣಕಯಂತ್ರಕ್ಕೆ ಇಳಿಸಿ ನೆಂಟರಿಗೆಲ್ಲ ಹಂಚಬೇಕೆಂದು ತೀರ್ಮಾನವಾಗಿತ್ತು. ಸೆಕೆಂಡಿಗೆ 44,100 ಮಾದರಿಗಳಂತೆ (ಅಂದರೆ ಸದ್ದಿನ ಅಳತೆಗಳಂತೆ), 16 ಬಿಟ್ಟುಗಳಲ್ಲಿ, ಎರಡು ಚಾನೆಲ್ಲುಗಳಲ್ಲಿ ದಾಖಲಾಗುವ ವೇವ್ ಫೈಲು ನಿಮಿಷಕ್ಕೆ ಸುಮಾರು 10 ಎಂಬಿ ನುಂಗುವುದರಿಂದ ಅತ್ತೆಯ ಒಂದು ಗಂಟೆಯ ಭಕ್ತಿ 600 ಎಂಬಿಯನ್ನು ದಾಟಿ ಯಾವ ಇ-ಮೇಲಿಗೂ ಬಗ್ಗದೆ ಕುಳಿತಿತು. ಸೆಕೆಂಡಿಗೆ 128 ಕಿಲೋಬಿಟ್ಟಿನ ಎಂಪಿ3 ಮಾಡಿದರೆ ಅದೇ ಭಕ್ತಿ 60 ಎಂಬಿಯೊಳಗೆ ಅಡಗುತ್ತದೆ. ಆದರೆ ಆಗಿನ್ನೂ ಎಂಪಿ3ಯ ಪೇಟೆಂಟುಗಳು ಜೀವಂತವಾಗಿದ್ದ ಕಾಲ; ಜರ್ಮನಿಯ ಫ್ರೌನ್‌ಹೋಫರ್ ಸಂಸ್ಥೆ ತನ್ನ ಪರವಾನಗಿ ಯೋಜನೆಗೆ ಮಂಗಳ ಹಾಡಿದ್ದು 2017ರಲ್ಲಿ. ಆದ್ದರಿಂದ ಉಚಿತ ತಂತ್ರಾಂಶಗಳು ಎಂಪಿ3 ತಯಾರಿಸುವ ಲೇಮ್ ಲೈಬ್ರರಿಯನ್ನು ತಮ್ಮೊಡನೆ ಕೊಡದೆ, ಅದನ್ನು ನೀವೇ ಎಲ್ಲಿಂದಲಾದರೂ ತಂದುಕೊಳ್ಳಿ ಎಂದು ಸೌಜನ್ಯದಿಂದ ಕೈ ತೊಳೆದುಕೊಳ್ಳುತ್ತಿದ್ದವು.

ತರುವ ಹೊಣೆಯನ್ನು ಭಾವಮೈದುನ ಹೊತ್ತನು. ಅವನು ಹಿಡಿದು ತಂದ ಫೈಲಿನ ಬೆನ್ನಿಗೆ ಹವಾಮಾನ ತಿಳಿಸುವ ಟೂಲ್‌ಬಾರೊಂದು, ಯಾರೂ ಕೇಳದ ಹುಡುಕುಯಂತ್ರವೊಂದು ಬಂದು ಬ್ರೌಸರಿನಲ್ಲಿ ಬಿಡಾರ ಹೂಡಿದವು. ಫೈಲು 64 ಬಿಟ್ಟಿನದು, ತಂತ್ರಾಂಶ 32 ಬಿಟ್ಟಿನದು (ಗಣಕಯಂತ್ರ ಒಂದು ತುತ್ತಿಗೆ ನುಂಗುವ ಮಾಹಿತಿಯ ಅಳತೆ ಇದು). ಅವೆರಡೂ ಒಂದೇ ಪ್ರಕ್ರಿಯೆಯಲ್ಲಿ ಕೂಡಿ ಬಾಳಲಾರವು. ‘%1 ಎಂಬುದು ಮಾನ್ಯವಾದ ವಿನ್32 ಅಪ್ಲಿಕೇಷನ್ ಅಲ್ಲ’ ಎಂಬ ಫಲಕ ತೆರೆಯ ಮೇಲೆ ಮೂಡಿತು. ಫೈಲಿನ ಹೆಸರು ಬರಬೇಕಿದ್ದ ಜಾಗದಲ್ಲಿ %1 ಎಂದು ಖಾಲಿ ಬಿಟ್ಟಿದ್ದನ್ನು ನೋಡಿದರೆ, ದೂರು ಕೊಟ್ಟವನಿಗೂ ಆರೋಪಿಯ ಹೆಸರು ಗೊತ್ತಿದ್ದಂತೆ ಕಾಣಲಿಲ್ಲ.

ಹಾಗಾದರೆ 32 ಬಿಟ್ಟಿನ ಫೈಲನ್ನೇ ತಂದು ‘ಸಿಸ್ಟಮ್32’ ಫೋಲ್ಡರಿನಲ್ಲಿ ಹಾಕಿದರಾಯಿತು ಎಂದು ಭಾವಮೈದುನ ಹೊರಟನು. ಯಾವ ವಿವೇಕಿಯೂ ಹಾಗೆಯೇ ಹೊರಡುತ್ತಾನೆ. ಆದರೆ 64 ಬಿಟ್ಟಿನ ವಿಂಡೋಸಿನಲ್ಲಿ ಸಿಸ್ಟಮ್32 ಎಂಬುದು 64 ಬಿಟ್ಟಿನ ಫೈಲುಗಳ ಮನೆ. 32 ಬಿಟ್ಟಿನವು ವಾಸಿಸುವುದು ಹೆಸರಿನಲ್ಲಿ 64 ಇರುವ ‘ಸಿಸ್‌ವಾವ್64’ನಲ್ಲಿ. ಹಳೆಯ ತಂತ್ರಾಂಶಗಳು ದಾರಿ ತಪ್ಪಬಾರದೆಂಬ ಸದುದ್ದೇಶದಿಂದ ಮಾಡಿದ ಏರ್ಪಾಡಂತೆ. ಅವು ದಾರಿ ತಪ್ಪಲಿಲ್ಲ, ನಿಜ, ತಪ್ಪಿದವರು ನಾವು. ಕೊನೆಗೆ ಫೈಲನ್ನು ತಂತ್ರಾಂಶದ ಸ್ವಂತ ಫೋಲ್ಡರಿನಲ್ಲೇ ಇಟ್ಟಾಗ ಅದು ಸುಮ್ಮನೆ ಕೆಲಸ ಮಾಡಿತು.

ಗೆದ್ದ ಹುಮ್ಮಸ್ಸಿನಲ್ಲಿ ಭಾವಮೈದುನನು ಕ್ಯಾಸೆಟ್ಟಿನ ‘ಸುಯ್’ ಸದ್ದನ್ನೂ ತೆಗೆಯಲು ಮುಂದಾದನು. ಸದ್ದನ್ನು ಅದರೊಳಗಿನ ಕಂಪನಾಂಕಗಳಾಗಿ ಬಿಡಿಸುವ ಈ ವಿದ್ಯೆಯ ಮೂಲಪುರುಷ, ಶಾಖದ ಹರಿವನ್ನು ಕುರಿತು 1822ರಲ್ಲಿ ಗ್ರಂಥ ಬರೆದ ಫ್ರಾನ್ಸಿನ ಜೋಸೆಫ್ ಫೂರಿಯೇ. ಅದನ್ನು ಗಣಕಯಂತ್ರ ತ್ವರಿತವಾಗಿ ಮಾಡುವ ಹಾದಿಯನ್ನು 1965ರಲ್ಲಿ ಕೂಲಿ ಮತ್ತು ಟ್ಯೂಕಿ ಪ್ರಕಟಿಸಿದರು. ಈ ಕೆಲಸಕ್ಕಿರುವ ಬೇರೊಂದು ಲೈಬ್ರರಿಯು 2048 ಮಾದರಿಗಳ ತುಣುಕನ್ನು, ಅಂದರೆ ಸುಮಾರು 46 ಮಿಲಿಸೆಕೆಂಡಿನ ಸದ್ದನ್ನು, ಒಂದೊಂದಾಗಿ ಹರವಿ, ನಾವು ‘ಇದು ಗದ್ದಲ’ ಎಂದು ತೋರಿಸಿದ ಕಂಪನಾಂಕಗಳನ್ನು ಅದರಿಂದ ಅಡಗಿಸುತ್ತದೆ. ಗದ್ದಲದ ಮಾದರಿಗಾಗಿ ಹಾಡು ಇಲ್ಲದ ಭಾಗವನ್ನು ಆರಿಸಿರೆಂದು ಸೂಚನೆಯಲ್ಲಿ ಬರೆದಿತ್ತು. ಅತ್ತೆ ಗಂಟಲು ಸರಿಪಡಿಸಿಕೊಳ್ಳುವ ಮೊದಲಿನ ಕೆಲವು ಸೆಕೆಂಡುಗಳಲ್ಲಿ ಹಾಡು ಇರಲಿಲ್ಲ. ತಂಬೂರಿ ಮಾತ್ರ ಇತ್ತು.

ಆದಿಯಿಂದ ಅಂತ್ಯದವರೆಗೆ ಒಂದೇ ಸಮನೆ ಮೊಳಗುವುದನ್ನೆಲ್ಲ ಗದ್ದಲವೆಂದು ತಿಳಿಯುವ ಯಂತ್ರಕ್ಕೆ ತಂಬೂರಿಗಿಂತ ದೊಡ್ಡ ಅಪರಾಧಿ ಬೇರೊಂದು ಸಿಕ್ಕೀತೆ? ಅದು ಷಡ್ಜ ಪಂಚಮಗಳನ್ನು ಹುಡುಕಿ ಹುಡುಕಿ ಅಡಗಿಸಿತು. ಅತ್ತೆಯ ದನಿ ಆ ಸ್ವರಗಳ ಮೇಲೆ ನಿಂತಾಗಲೆಲ್ಲ ನೀರಿನಡಿಯಿಂದ ಬಂದಂತೆ ಕೇಳಿಸಿತು. ಎರಡನೆಯ ದೇವರನಾಮದ ನಡುವೆ ಅಡುಗೆಮನೆಯಿಂದ ಕೂಗಿದ್ದ ಕುಕ್ಕರು ಮಾತ್ರ ಗದ್ದಲದ ಮಾದರಿಯಲ್ಲಿ ಇಲ್ಲದ ಕಾರಣ ಯಾವ ಊನವೂ ಇಲ್ಲದೆ, ಮೊದಲಿಗಿಂತ ಸ್ಪಷ್ಟವಾಗಿ, ಮೂರು ಸಲ ಸೀಟಿ ಹಾಕಿತು.

ಅತ್ತೆ ಕಣ್ಣು ಮುಚ್ಚಿ ಪೂರ್ತಿ ಕೇಳಿದರು. “ತಂಬೂರಿ ಯಾಕೋ ಕೇಳಿಸಲಿಲ್ಲ, ಆದರೆ ಕುಕ್ಕರ್ ಶ್ರುತಿಗೆ ಹತ್ತಿರದಲ್ಲೇ ಇದೆ” ಎಂದರು. ಭಾವಮೈದುನನು ಇದನ್ನು ಮೆಚ್ಚುಗೆಯೆಂದೇ ತಿಳಿದು, ಅಂದೇ ಸಂಜೆ ಆ ಫೈಲನ್ನು ನೆಂಟರಿಗೆಲ್ಲ ಕಳುಹಿಸಿಬಿಟ್ಟನು.