ಮೇಷ್ಟ್ರ ಲೇಖನ ತಿದ್ದುವ ವಿದ್ಯಾರ್ಥಿಗಳು

ದೊಡ್ಡ ಡಾಕ್ಟರೊಬ್ಬರು ಬರೆದ ಸಂಶೋಧನಾ ಲೇಖನವನ್ನು ಎಂಬಿಬಿಎಸ್ ಎರಡನೇ ವರ್ಷದ ಹುಡುಗಿ ಓದಿ, "ಇದು ನಮಗೆ ಬೇಡ ಸರ್" ಅಂತ ವಾಪಸ್ ಕಳಿಸಿದರೆ ಹೇಗಿರುತ್ತದೆ? ನಗು ಬರುತ್ತದೆ ಅಲ್ವಾ. ಕಾನೂನಿನ ಲೋಕದಲ್ಲಿ ಇದು ನಿಜವಾಗಿಯೂ ನಡೆಯುತ್ತದೆ. ಅಮೆರಿಕದಲ್ಲಂತೂ ಹೆಸರುವಾಸಿ ಲಾ ಜರ್ನಲ್‌ಗಳಲ್ಲಿ ಹೆಚ್ಚಿನವು ವಿದ್ಯಾರ್ಥಿಗಳ ಕೈಯಲ್ಲೇ ಇವೆ. ಯಾವ ಪ್ರೊಫೆಸರ್ ಬರೆದದ್ದು ಅಚ್ಚಾಗಬೇಕು, ಯಾರದ್ದು ಬೇಡ ಅನ್ನುವುದನ್ನು ಇನ್ನೂ ಪರೀಕ್ಷೆ ಬರೆಯುತ್ತಿರುವವರು ತೀರ್ಮಾನಿಸುತ್ತಾರೆ.

ಮೊನ್ನೆ ಭೌತಶಾಸ್ತ್ರ ಓದಿದ ಗೆಳೆಯನೊಬ್ಬ ಇದನ್ನೇ ಹಿಡಿದುಕೊಂಡು, ಲೇಖನ ಅಳೆಯಲು ವಿದ್ಯಾರ್ಥಿಗಳಿಗೆ ಏನು ಗೊತ್ತು ಅಂತ ಅರ್ಧ ಗಂಟೆ ಆಡಿಕೊಂಡ. ಫೋನಿನಲ್ಲಿ ಸರಿಯಾಗಿ ಉತ್ತರ ಕೊಡಲು ಆಗಲಿಲ್ಲ. ಅದಕ್ಕೇ ಇಷ್ಟುದ್ದ ಬರೆಯುತ್ತಿದ್ದೇನೆ.

ಲಾ ಓದುವಾಗ ನಾನೂ ಎರಡು ವರ್ಷ ಇಂಥದ್ದೊಂದು ಜರ್ನಲ್‌ನಲ್ಲಿದ್ದೆ. 'ಸಂಪಾದಕ ಮಂಡಳಿ' ಅನ್ನುವ ಹೆಸರು ಕೇಳಲು ಚೆನ್ನಾಗಿತ್ತು. ಮಾಡುತ್ತಿದ್ದದ್ದು ಮಾತ್ರ ಫುಟ್‌ನೋಟ್ ತಾಳೆ ನೋಡುವ ಕೆಲಸ. ಒಮ್ಮೆ ನನ್ನ ಪಾಲಿಗೆ ಒಂದು ಲೇಖನದ 61ರಿಂದ 90ರವರೆಗಿನ ಫುಟ್‌ನೋಟ್‌ಗಳು ಬಂದವು. ಬರೆದವರು ಹಿರಿಯ ಪ್ರೊಫೆಸರ್. 74ನೆಯದರಲ್ಲಿ ಹಳೇ ತೀರ್ಪೊಂದರ ಸಾಲು, ಜೊತೆಗೆ ಪುಟ ಸಂಖ್ಯೆ. ತೆಗೆದು ನೋಡಿದರೆ ಆ ಪುಟದಲ್ಲಿ ಆ ಸಾಲೇ ಇಲ್ಲ. ಹಿಂದಿನ ಪುಟದಲ್ಲೂ ಇಲ್ಲ, ಮುಂದಿನದರಲ್ಲೂ ಇಲ್ಲ. ಬೇರೆ ದಾರಿ ಕಾಣದೆ ಇಡೀ ತೀರ್ಪು ಓದಲು ಕೂತೆ. ಕೊನೆಗೂ ಸಿಕ್ಕಿತು. ಆದರೆ ಅದು ನ್ಯಾಯಾಧೀಶರ ಮಾತೇ ಅಲ್ಲ! ಸೋತ ಕಡೆಯ ವಕೀಲರು ಏನು ವಾದಿಸಿದರು ಅಂತ ಅಲ್ಲಿ ಬರೆದಿತ್ತು. ಮುಂದಿನ ಪ್ಯಾರಾದಲ್ಲೇ ನ್ಯಾಯಾಧೀಶರು ಆ ವಾದವನ್ನು ತಳ್ಳಿಹಾಕಿದ್ದರು. ಲೇಖನದಲ್ಲಿ ಮಾತ್ರ ಅದು ಕೋರ್ಟಿನ ನಿಲುವಾಗಿ ಕೂತಿತ್ತು. ಇನ್ನಷ್ಟು ಹುಡುಕಿದಾಗ ಬೇರೊಂದು ಹಳೇ ಲೇಖನದಲ್ಲಿ ಇದೇ ಸಾಲು, ಇದೇ ತಪ್ಪು ಪುಟ ಸಂಖ್ಯೆ ಕಂಡಿತು. ತೀರ್ಪು ತೆರೆಯದೆ ಅಲ್ಲಿಂದ ಎತ್ತಿಕೊಂಡಿದ್ದರು ಅನಿಸುತ್ತದೆ.

ಹೆದರಿಕೊಂಡೇ ಸೀನಿಯರ್ ಹತ್ತಿರ ಹೋದೆ. "ಅವರಿಗೆ ಬರೀ. ಮರ್ಯಾದೆಯಿಂದ ಬರೀ, ಆದ್ರೆ ಬರೀ" ಅಂದಳು. ಬರೆದೆ. ಎರಡು ದಿನ ಬಿಟ್ಟು ಒಂದೇ ಸಾಲಿನ ಉತ್ತರ ಬಂತು: "ಆ ಪ್ಯಾರಾ ತೆಗೆದುಬಿಡಿ." ಅಷ್ಟೇ. ಥ್ಯಾಂಕ್ಸ್ ಏನೂ ಇರಲಿಲ್ಲ.

ಈ ಪದ್ಧತಿ ಹುಟ್ಟಿದ್ದಕ್ಕೂ ಹಿನ್ನೆಲೆ ಇದೆ. 1870ರ ನಂತರ ಹಾರ್ವರ್ಡ್ ಲಾ ಸ್ಕೂಲ್‌ನಲ್ಲಿ ಕ್ರಿಸ್ಟೊಫರ್ ಲ್ಯಾಂಗ್ಡೆಲ್ ಪಾಠದ ರೀತಿಯನ್ನೇ ಬದಲಾಯಿಸಿದರು. ಮೇಷ್ಟ್ರು ಹೇಳಿದ್ದನ್ನು ಬರೆದುಕೊಳ್ಳುವ ಬದಲು ವಿದ್ಯಾರ್ಥಿಗಳೇ ಮೂಲ ತೀರ್ಪು ಓದಿ ಅದನ್ನು ಬಿಡಿಸಿ ನೋಡಬೇಕು. ಹಾಗೆ ಪಳಗಿದವರಿಗೆ ತಮ್ಮದೇ ಪತ್ರಿಕೆ ಬೇಕು ಅನಿಸಿದ್ದು ಸಹಜ. ಆಲ್ಬನಿ ಲಾ ಸ್ಕೂಲ್‌ನಲ್ಲಿ 1875ರಲ್ಲೇ ಒಂದು ಶುರುವಾಗಿ ಬೇಗ ನಿಂತಿತ್ತು. ಕೊಲಂಬಿಯಾ ಲಾ ಸ್ಕೂಲ್‌ನವರದ್ದೂ ಒಂದಿತ್ತು. ಬಾಳಿಕೆ ಬಂದದ್ದು 1887ರ ಏಪ್ರಿಲ್‌ನಲ್ಲಿ ಹೊರಬಂದ ಹಾರ್ವರ್ಡ್ ಲಾ ರಿವ್ಯೂ. ದುಡ್ಡು ಹೊಂದಿಸಲು ನೆರವಾದವರಲ್ಲಿ ಒಬ್ಬರು ಅಲ್ಲಿಯೇ ಓದಿದ್ದ 30 ವರ್ಷದ ವಕೀಲ ಲೂಯಿ ಬ್ರಾಂಡೈಸ್. 1891ರಲ್ಲಿ ಯೇಲ್ ಯೂನಿವರ್ಸಿಟಿ ಶುರು ಮಾಡಿತು, ಆಮೇಲೆ ಸಾಲುಸಾಲು.

ಬ್ರಾಂಡೈಸ್ ಹೆಸರು ಸುಮ್ನೆ ಎತ್ತಿದ್ದಲ್ಲ. 1890ರ ಡಿಸೆಂಬರ್‌ನಲ್ಲಿ ಅವರೂ ಅವರ ಜೊತೆಗಾರ ಸ್ಯಾಮ್ಯುಯೆಲ್ ವಾರನ್ನೂ ಸೇರಿ ಇದೇ ವಿದ್ಯಾರ್ಥಿ ಪತ್ರಿಕೆಗೆ ಖಾಸಗಿತನದ ಹಕ್ಕಿನ ಬಗ್ಗೆ ಒಂದು ಲೇಖನ ಕೊಟ್ಟರು. ಕೈಯಲ್ಲಿ ಹಿಡಿಯುವ ಕ್ಯಾಮರಾ ಬಂದಿತ್ತು, ಪತ್ರಿಕೆಗಳು ಜನರ ಮನೆಯೊಳಗೆ ಇಣುಕುತ್ತಿದ್ದವು. ನನ್ನ ಪಾಡಿಗೆ ನನ್ನನ್ನು ಬಿಡಿ ಅನ್ನುವುದೂ ಒಂದು ಹಕ್ಕು ಅಂತ ಅವರು ವಾದಿಸಿದರು. 1928ರಲ್ಲಿ ಅದೇ ಬ್ರಾಂಡೈಸ್ ಸುಪ್ರೀಂ ಕೋರ್ಟ್ ನ್ಯಾಯಾಧೀಶರಾಗಿ ಫೋನ್ ಕದ್ದಾಲಿಕೆಯ ಕೇಸಿನಲ್ಲಿ ಇದನ್ನೇ ಹೇಳಿ ಅಲ್ಪಮತದಲ್ಲಿ ಉಳಿದರು. 1967ರಲ್ಲಿ ಕೋರ್ಟ್ ಅವರ ದಾರಿಗೆ ಬಂತು. ನಮ್ಮ ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಾಧೀಶರ ಪೀಠ 2017ರ ಆಗಸ್ಟ್ 24ರಂದು ಪುಟ್ಟಸ್ವಾಮಿ ಕೇಸಿನಲ್ಲಿ ಖಾಸಗಿತನ ಮೂಲಭೂತ ಹಕ್ಕು ಅಂದಾಗಲೂ ಆ 1890ರ ಲೇಖನ ಚರ್ಚೆಗೆ ಬಂದಿತ್ತು. ಅದು ಅಚ್ಚಾದಾಗ ಪತ್ರಿಕೆಗೆ ನಾಲ್ಕು ವರ್ಷವೂ ತುಂಬಿರಲಿಲ್ಲ.

ಹಾಗಂತ ಗೆಳೆಯ ಹೇಳಿದ್ದೆಲ್ಲ ಸುಳ್ಳಲ್ಲ. ಹೊಸ ವಾದ ಯಾವುದು, ಹಳೆಯದಕ್ಕೆ ಹೊಸ ಅಂಗಿ ತೊಡಿಸಿದ್ದು ಯಾವುದು ಅಂತ ಹೇಳಲು ವಿದ್ಯಾರ್ಥಿಗೆ ಅನುಭವ ಸಾಲದು. ಆಗ ಬರೆದವರ ಹೆಸರು, ಅವರ ಯೂನಿವರ್ಸಿಟಿ ನೋಡಿ ತೀರ್ಮಾನ ಮಾಡುವ ಆಸೆ ಹುಟ್ಟುತ್ತದೆ. ನಾವೂ ಮಾಡಿದ್ದೇವೆ, ಒಪ್ಪಿಕೊಳ್ಳುತ್ತೇನೆ. ಅಮೆರಿಕದಲ್ಲಿ ಒಂದೇ ಲೇಖನವನ್ನು ಹತ್ತಾರು ಜರ್ನಲ್‌ಗಳಿಗೆ ಒಟ್ಟಿಗೆ ಕಳಿಸಬಹುದು. ಒಂದು ಕಡೆ ಒಪ್ಪಿದ ತಕ್ಷಣ ಅದಕ್ಕಿಂತ ದೊಡ್ಡ ಜರ್ನಲ್‌ಗೆ, "ಇಲ್ಲಿ ತಗೊಂಡಿದ್ದಾರೆ, ನೀವು ಬೇಗ ಹೇಳಿ" ಅಂತ ಪತ್ರ ಹೋಗುತ್ತದೆ. ಥೇಟ್ ಹರಾಜು.

ಫುಟ್‌ನೋಟ್ ಹುಚ್ಚೂ ಜಾಸ್ತಿಯಾಯಿತು. ಸೈಟೇಶನ್, ಅಂದರೆ ಆಧಾರದ ಉಲ್ಲೇಖ, ಹೇಗೆ ಹಾಕಬೇಕು ಅಂತ ಹೇಳುವ 'ಬ್ಲೂಬುಕ್' 1926ರಲ್ಲಿ 26 ಪುಟದ ಕೈಪಿಡಿಯಾಗಿತ್ತು. 2010ರ ಹೊತ್ತಿಗೆ 511 ಪುಟ! ಅಲ್ಪವಿರಾಮ ಓರೆ ಅಕ್ಷರದಲ್ಲಿರಬೇಕಾ ನೆಟ್ಟಗಿರಬೇಕಾ ಅಂತ ನಾವು ಒಂದು ಸಂಜೆ ಪೂರ್ತಿ ಜಗಳವಾಡಿದ್ದು ನೆನಪಿದೆ. ಯಾರು ಗೆದ್ದರು ಅನ್ನುವುದು ನೆನಪಿಲ್ಲ.

ಇನ್ನೂ ದೊಡ್ಡ ತಕರಾರು, ಒಳಗೆ ಯಾರಿಗೆ ಜಾಗ ಸಿಗುತ್ತದೆ ಅನ್ನುವುದು. ದೊಡ್ಡ ನ್ಯಾಯಾಧೀಶರ ಕೈಕೆಳಗೆ ಕ್ಲರ್ಕ್ (ತೀರ್ಪಿನ ಕೆಲಸಕ್ಕೆ ನೆರವಾಗುವ ಕಿರಿಯ ವಕೀಲ) ಆಗಲು, ದೊಡ್ಡ ವಕೀಲರ ಫರ್ಮ್ ಸೇರಲು ಬಯೋಡೇಟಾದಲ್ಲಿ ಲಾ ರಿವ್ಯೂ ಅನ್ನುವ ಒಂದು ಸಾಲು ಮೆಟ್ಟಿಲಾಗುತ್ತದೆ. ಹಾರ್ವರ್ಡ್ ಲಾ ರಿವ್ಯೂಗೆ ಮೊದಲ ಬಾರಿ ಹೆಣ್ಣುಮಗಳೊಬ್ಬರು ಅಧ್ಯಕ್ಷೆ, ಅಂದರೆ ಮುಖ್ಯ ಸಂಪಾದಕಿ, ಆಗಿದ್ದು 1976ರಲ್ಲಿ, ಸುಸಾನ್ ಎಸ್ಟ್ರಿಚ್. ಮೊದಲ ಕಪ್ಪು ಅಧ್ಯಕ್ಷ 1990ರಲ್ಲಿ, ಬರಾಕ್ ಒಬಾಮ. 1887ರಿಂದ ಲೆಕ್ಕ ಹಾಕಿ ನೋಡಿ.

ನನ್ನ ಪ್ರಕಾರ ಪ್ರತಿ ಲೇಖನವನ್ನೂ ಹೆಸರು ಮುಚ್ಚಿಯೇ ಓದಬೇಕು. ವಾದದಲ್ಲಿ ಹುರುಳಿದೆಯಾ ಅಂತ ಆ ವಿಷಯ ಬಲ್ಲವರೊಬ್ಬರನ್ನು ಕೇಳಬೇಕು. ಆದರೆ ಫುಟ್‌ನೋಟ್ ನೋಡುವ ಕೆಲಸ ವಿದ್ಯಾರ್ಥಿಗಳ ಕೈಯಲ್ಲೇ ಇರಲಿ. ಬಿಡುವಿಲ್ಲದ ಪ್ರೊಫೆಸರ್ ಯಾರದೋ ಲೇಖನಕ್ಕಾಗಿ ಸಂಬಳವಿಲ್ಲದೆ ಮೂವತ್ತು ತೀರ್ಪು ತೆರೆದು ಓದುತ್ತಾನಾ?

ಅಂದಹಾಗೆ, ಆ 74ನೇ ಫುಟ್‌ನೋಟಿನ ಸಾಲು ಹೋದ ವರ್ಷ ಮತ್ತೆ ಸಿಕ್ಕಿತು. ಇನ್ಯಾವುದೋ ಲೇಖನ, ಅದೇ ಸಾಲು, ಅದೇ ತಪ್ಪು ಪುಟ ಸಂಖ್ಯೆ. ಸಂಪಾದಕರು ಯಾರು ಅಂತ ಮೊದಲ ಪುಟ ತಿರುಗಿಸಿ ನೋಡಿದೆ. ಎಲ್ಲರ ಹೆಸರಿನ ಮುಂದೆಯೂ ಡಾಕ್ಟರ್ ಅಂತ ಇತ್ತು.